ಇಲಿಗೆ ‘ನಿಲ್ಲು’ ಎಂದು ಕಲಿಸುವುದು

ಒಡೆಯನ ಒಂದು ಸದ್ದಿಗೆ ನಾಯಿ ನಿಲ್ಲುತ್ತದೆ. ಗಾಡಿಯ ಎತ್ತೂ ನಿಲ್ಲುತ್ತದೆ. ಇಲಿಯಂಥ ಪುಟ್ಟ ಪ್ರಾಣಿಗೂ ಇದನ್ನು ಕಲಿಸಬಹುದೆ? ಕಲಿಸಬಹುದು. ಆದರೆ ಗದರಿಸಿ, ಹೊಡೆದು ಅಲ್ಲ. ಇದು ಮನುಷ್ಯ ತಡವಾಗಿ ಕಲಿತ ಪಾಠ.

ಯೂರೋಪಿನಲ್ಲಿ ಮೊಲದ ಬೇಟೆಗೆ ಫೆರೆಟ್ ಎಂಬ ಪ್ರಾಣಿಯನ್ನು ಬಹುಕಾಲದಿಂದ ಸಾಕುತ್ತಾರೆ. ನೋಡಲು ಮುಂಗುಸಿಯಂತಿರುವ ಇದು ನೀರುನಾಯಿಯ ಬಳಗದ ಮಾಂಸಾಹಾರಿ. ಬಿಲದೊಳಗೆ ಬಿಟ್ಟರೆ ಮೊಲಗಳನ್ನು ಹೊರಕ್ಕೆ ಅಟ್ಟುತ್ತದೆ. ಆದರೆ ಒಳಗೇ ಮೊಲವನ್ನು ಕೊಂದು ತಿಂದು ಮಲಗಿಬಿಟ್ಟರೆ ನೆಲ ಅಗೆಯದೆ ಗತ್ಯಂತರವಿಲ್ಲ. ಸುಮಾರು 2000 ವರ್ಷಗಳ ಹಿಂದೆ ಸ್ಪೇನಿನ ಮೊಲಗಳ ಕಾಟವನ್ನು ವಿವರಿಸಿದ ಗ್ರೀಕ್ ಭೂಗೋಳಜ್ಞ ಸ್ಟ್ರಾಬೊ, ಇಂಥ ಪ್ರಾಣಿಗಳ ಬಾಯಿಗೆ ಕುಕ್ಕೆ ಕಟ್ಟಿ ಬಿಲಕ್ಕೆ ಬಿಡುತ್ತಿದ್ದರೆಂದು ಬರೆದಿದ್ದಾನೆ. ಮಾತಿಗೆ ನಿಲ್ಲದ್ದನ್ನು ಕಟ್ಟಿ ನಿಲ್ಲಿಸುವುದೇ ಅಂದಿನ ಉಪಾಯ.

ಶಿಕ್ಷೆಯಿಂದ ನಿಲ್ಲಿಸಬಹುದೆ ಎಂಬುದನ್ನು ಅಮೆರಿಕದ ಮನೋವಿಜ್ಞಾನಿ ಬಿ.ಎಫ್. ಸ್ಕಿನ್ನರ್ ಇಲಿಗಳ ಮೇಲೆ ಪರೀಕ್ಷಿಸಿ, ಫಲಿತಾಂಶವನ್ನು 1938ರಲ್ಲಿ ಪ್ರಕಟಿಸಿದರು. ಸನ್ನೆಕೋಲು ಒತ್ತಿದರೆ ಆಹಾರ ಸಿಗುತ್ತದೆಂದು ಇಲಿಗಳು ಮೊದಲು ಕಲಿತಿದ್ದವು. ಆಮೇಲೆ ಆಹಾರ ನಿಲ್ಲಿಸಿ, ಕೆಲವು ಇಲಿಗಳಿಗೆ ಮಾತ್ರ ಒತ್ತಿದಾಗ ಪಂಜಕ್ಕೆ ಪೆಟ್ಟು ಬೀಳುವಂತೆ ಮಾಡಲಾಯಿತು. ಅವು ತಕ್ಷಣ ಹಿಂಜರಿದವು. ಪೆಟ್ಟು ನಿಂತ ಮೇಲೆ ಮತ್ತೆ ಒತ್ತತೊಡಗಿ, ಕೊನೆಗೆ ಪೆಟ್ಟು ತಿನ್ನದ ಇಲಿಗಳಷ್ಟೇ ಸಲ ಒತ್ತಿದ್ದವು. ಪೆಟ್ಟು ಅಭ್ಯಾಸವನ್ನು ತಡೆಹಿಡಿಯಿತೇ ಹೊರತು ಅಳಿಸಲಿಲ್ಲ.

ಹಾಗಾಗಿ ಇಂದು ಸಾಕುವವರು ಹಿಡಿಯುವ ದಾರಿ ಬೇರೆ. ಪ್ರತಿಸಲವೂ ಒಂದೇ ಸದ್ದು ಮಾಡಬೇಕು. ಪ್ರಾಣಿ ಅರೆಕ್ಷಣ ನಿಂತರೂ ಆ ಕೂಡಲೇ ಚೂರು ತಿನಿಸು ಕೊಡಬೇಕು. ತಡವಾದರೆ ಯಾವುದಕ್ಕೆ ಬಹುಮಾನವೆಂದು ಅದಕ್ಕೆ ತಿಳಿಯದು. ಮೊದಲು ಸದ್ದಿಲ್ಲದ ಕೋಣೆಯಲ್ಲಿ, ಬಳಿಕ ಗಲಾಟೆಯ ನಡುವೆ ಅಭ್ಯಾಸ ಮಾಡಿಸಬೇಕು.

ಇದೇ ತತ್ತ್ವ ಜೀವ ಉಳಿಸಿದ್ದೂ ಉಂಟು. ಬೆಲ್ಜಿಯಂನವರು ಆರಂಭಿಸಿದ ಅಪೊಪೊ ಸಂಸ್ಥೆ ಟಾಂಜಾನಿಯದಲ್ಲಿ ಆಫ್ರಿಕದ ದೊಡ್ಡ ಇಲಿಗಳಿಗೆ ಸ್ಫೋಟಕದ ವಾಸನೆ ಗುರುತಿಸಲು ಕಲಿಸುತ್ತದೆ. ವಾಸನೆ ಸಿಕ್ಕಲ್ಲಿ ಇಲಿ ನಿಂತರೆ ‘ಟಿಕ್’ ಎಂಬ ಸದ್ದು, ಬೆನ್ನಿಗೇ ಬಾಳೆಹಣ್ಣಿನ ಚೂರು. ನೆಲಬಾಂಬ್ ಸಿಡಿಸುವಷ್ಟು ತೂಕ ಅವಕ್ಕಿಲ್ಲ. ಹೀಗೆ ತರಬೇತಾದ ಮಗಾವಾ ಎಂಬ ಇಲಿ ಕಾಂಬೋಡಿಯದಲ್ಲಿ ನೂರಕ್ಕೂ ಹೆಚ್ಚು ನೆಲಬಾಂಬ್ ಮತ್ತು ಸಿಡಿಯದೆ ಉಳಿದ ಮದ್ದುಗುಂಡುಗಳನ್ನು ಪತ್ತೆಹಚ್ಚಿತು. 2020ರಲ್ಲಿ ಬ್ರಿಟನ್ನಿನ ಪ್ರಾಣಿದಯಾ ಸಂಸ್ಥೆಯೊಂದು ಅದಕ್ಕೆ ಚಿನ್ನದ ಪದಕ ನೀಡಿತು; 2022ರಲ್ಲಿ ಅದು ಸತ್ತಿತು.

ಆ ಹೊಲಗಳಲ್ಲಿ ಇಲಿ ನಿಂತು ನೆಲ ಕೆರೆದರೆ, ಹಗ್ಗ ಹಿಡಿದ ಮನುಷ್ಯರು ಮುಂದೆ ಹೆಜ್ಜೆ ಇಡುವುದಿಲ್ಲ. ‘ನಿಲ್ಲು’ ಎಂದು ಹೇಳುವ ಸರದಿ ಅಲ್ಲಿ ಇಲಿಯದು.