ಕಬ್ಜೆ ನಿಮ್ಮದು, ಮಾಲಕಿ ಯಾರದು?



ಪಂಚಾಯ್ತಿಯ ನೋಟೀಸು ಕೈಗೆ ಬಂದ ದಿನ ಮನೆಯಲ್ಲಿ ಯಾರಿಗೂ ಊಟ ಸೇರುವುದಿಲ್ಲ. "ಅಜ್ಜನ ಕಾಲದಿಂದ ಉಳಕೋತ ಬಂದೇವಿ, ಇದು ಗಾಯರಾಣ ಹೆಂಗಾತು?" ಎಂಬ ಮಾತು ಚಿಕ್ಕೋಡಿಯಿಂದ ಕಾಗವಾಡದವರೆಗೆ ಯಾವ ಚಾವಡಿ ಕಟ್ಟೆಗೂ ಹೊಸದಲ್ಲ. ಅಂಥ ನೋಟೀಸು ನಿಮಗೆ ಬಂದಿರಲಿ, ಬಾರದಿರಲಿ, ಒಂದು ಭೇದ ತಿಳಿದಿರಬೇಕು. ಕಬ್ಜೆ ಬೇರೆ, ಮಾಲಕಿ ಬೇರೆ. ಹೇಳದೆ ಕೇಳದೆ ಎಬ್ಬಿಸದಂತೆ ಕಬ್ಜೆ ನಿಮ್ಮನ್ನು ಕಾಯುತ್ತದೆ. ಅದೊಂದರಿಂದಲೇ ಜಮೀನು ನಿಮ್ಮದಾಗುವುದಿಲ್ಲ.

ಮೊದಲು ಉತಾರ ತೆಗೆಸಿ ನೋಡಿರಿ. 9ನೆಯ ಕಾಲಮ್ಮಿನಲ್ಲಿ 'ಸರಕಾರ' ಎಂದಿದ್ದು ನಿಮ್ಮ ಹೆಸರು 12ನೆಯ ಸಾಗುವಳಿ ಕಾಲಮ್ಮಿನಲ್ಲಿ ಮಾತ್ರ ಇದ್ದರೆ ಅದು ಮಾಲಕಿಯಲ್ಲ. ತಪ್ಪೆಂದು ಸಿದ್ಧವಾಗುವವರೆಗೆ ಉತಾರದ ನೋಂದನ್ನೇ ಸರಿಯೆಂದು ಹಿಡಿಯಬೇಕೆಂದು 1964ರ ಭೂಕಂದಾಯ ಕಾಯಿದೆಯ 133ನೆಯ ಕಲಂ ಹೇಳುತ್ತದೆ. ಗಾವಠಾಣದ ಮನೆಪಟ್ಟಿ ಪಾವತಿಯನ್ನು ಟ್ರಂಕಿನಲ್ಲಿ ಜೋಪಾನವಾಗಿ ಇಟ್ಟವರೂ ಇದ್ದಾರೆ. ಇಡಲಿ. ಆದರೆ ಪಟ್ಟಿ ತುಂಬಿದ್ದಕ್ಕೆ ಅದು ಸಾಕ್ಷಿ, ಜಾಗ ನಿಮ್ಮದೆಂಬುದಕ್ಕಲ್ಲ.

ನಮ್ಮ ಭಾಗದಲ್ಲಿ ಇನ್ನೊಂದು ತೊಡಕು. 1956ರ ನವೆಂಬರ್ 1ರವರೆಗೆ ನಾವು ಮುಂಬಯಿ ರಾಜ್ಯದಲ್ಲಿದ್ದೆವು. ರಾಯಬಾಗವಂತೂ ಮೊದಲು ಕೊಲ್ಹಾಪುರ ಸಂಸ್ಥಾನದ್ದು. ಹಳೆಯ ದಫ್ತರು ಮರಾಠಿಯಲ್ಲಿ, ಕೆಲವೆಡೆ ಮೋಡಿ ಲಿಪಿಯಲ್ಲಿ ಇರುತ್ತದೆ. ಅಜ್ಜನ ಹೆಸರಿಗೆ ಮಂಜೂರಾದದ್ದು ಅಲ್ಲೇ ಅಡಗಿರಬಹುದು. ನಿಪ್ಪಾಣಿ ಮತ್ತು ಕಾಗವಾಡ ಈಚೆಗೆ ಆದ ತಾಲೂಕುಗಳು, ಆದ್ದರಿಂದ ಅಲ್ಲಿಯವರು ಚಿಕ್ಕೋಡಿ, ಅಥಣಿಯ ದಫ್ತರನ್ನೂ ಹುಡುಕಿಸಬೇಕು.

ಇನ್ನು ನಮ್ಮ ತಪ್ಪನ್ನೂ ಹೇಳೋಣ. ಗಾಡಿದಾರಿಯ ಬದಿಗೆ ವರ್ಷಕ್ಕೆ ಅರ್ಧ ಅಡಿಯಂತೆ ಒಂದು ಸಾಲು ಹೆಚ್ಚು ಹೊಡೆಯುವುದು ಯಾರಿಗೂ ಕಾಣುವುದಿಲ್ಲ. ಹೊಲದ ಮಗ್ಗಲು 660 ಅಡಿ ಉದ್ದವಿದ್ದರೆ ವರ್ಷಕ್ಕೆ 330 ಚದರ ಅಡಿ. ಗುಂಟೆಗೆ 1,089 ಚದರ ಅಡಿ. ಹತ್ತು ವರ್ಷದಲ್ಲಿ ಮೂರು ಗುಂಟೆ ದಾರಿ ಹೊಲ ಸೇರಿತು! ಎದುರಿನವರೂ ಇದನ್ನೇ ಮಾಡಿದರೆ ಹಂಗಾಮಿನಲ್ಲಿ ಕಬ್ಬಿನ ಟ್ರ್ಯಾಕ್ಟರು ಒಳಗೆ ಬಾರದು. ಕಡಿದ ಕಬ್ಬು ಹೊಲದಲ್ಲೇ ಒಣಗಿ ತೂಕ ಕಳೆದುಕೊಳ್ಳುತ್ತದೆ. ಆಗ ದೂರು ಕೊಡುವವರೂ ನಾವೇ.

"ಹನ್ನೆರಡು ವರ್ಷ ಉಂಡರೆ ಜಮೀನು ನಮ್ಮದು" ಎಂಬ ಹೇಳಿಕೆ ಬಹಳ ಜನರನ್ನು ಮೋಸಗೊಳಿಸಿದೆ. 1963ರ ಅವಧಿ ಕಾಯಿದೆಯಲ್ಲಿ ಆ 12 ವರ್ಷ ಖಾಸಗಿಯವರ ನಡುವಿನದು. ಸರಕಾರದ ಜಮೀನಿಗೂ ಸ್ಥಳೀಯ ಸಂಸ್ಥೆಯ ರಸ್ತೆಗೂ 30 ವರ್ಷ. ಅದೂ ಮಾಲಕರಿಗೆ ಗೊತ್ತಾಗುವಂತೆ, ಅವರ ಹಕ್ಕನ್ನು ಅಲ್ಲಗಳೆದು, ಬಹಿರಂಗವಾಗಿ ಅನುಭವಿಸಿದ್ದಾಗಬೇಕು.

ಹಾಗೆಂದು ಪಂಚಾಯ್ತಿಯವರು ನಸುಕಿನಲ್ಲೇ ಜೆಸಿಬಿ ತಂದು ನಿಲ್ಲಿಸುವುದೂ ಸರಿಯಲ್ಲ. ನಮ್ಮ ರಾಜ್ಯದಿಂದಲೇ ಹೋದ ಒಂದು ಖಾಸಗಿ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟು 2003ರ ಡಿಸೆಂಬರಿನಲ್ಲಿ ಹೀಗೆ ತೀರ್ಮಾನಿಸಿತು: ನೆಲೆಯೂರಿದ ಕಬ್ಜೆಯಲ್ಲಿರುವವನನ್ನು ನಿಜವಾದ ಮಾಲಕನೂ ಕಾನೂನಿನ ದಾರಿಯಿಂದಲೇ ಬಿಡಿಸಬೇಕು. ನಿನ್ನೆ ರಾತ್ರಿ ಹಾಕಿದ ಬೇಲಿ ನೆಲೆಯೂರಿದ ಕಬ್ಜೆಯಲ್ಲ ಎಂಬುದನ್ನು ಬೇರೆ ಹೇಳಬೇಕಿಲ್ಲ. 2011ರ ಜನವರಿ 28ರಂದು, ಪಂಜಾಬಿನ ಒಂದು ಹಳ್ಳಿಯ ಕೆರೆಯ ಪ್ರಕರಣದಲ್ಲಿ, ಅದೇ ಕೋರ್ಟು ಊರೊಟ್ಟಿನ ಜಾಗದ ಅತಿಕ್ರಮಣ ತೆರವುಗೊಳಿಸಲು ಎಲ್ಲ ರಾಜ್ಯಗಳಿಗೂ ಆದೇಶಿಸಿತು. ಬಹುಕಾಲದ ಅನುಭೋಗವಾಗಲಿ, ಕಟ್ಟಡಕ್ಕೆ ಸುರಿದ ಹಣವಾಗಲಿ ನೆಪವಾಗದು ಎಂದಿತು. ಆದರೆ ಕಾರಣ ಕೇಳಿ ನೋಟೀಸು ಕೊಟ್ಟು, ಚಿಕ್ಕದಾದರೂ ಒಂದು ವಿಚಾರಣೆ ನಡೆಸಿಯೇ ತೆರವು ಮಾಡಬೇಕೆಂದೂ ಹೇಳಿತು. ಆ ವಿಚಾರಣೆಯ ದಿನ ಗೈರುಹಾಜರಾಗುವುದು ನಮ್ಮವರ ದೊಡ್ಡ ತಪ್ಪು.

ಬಗರ್ ಹುಕುಂ ಸಕ್ರಮಕ್ಕೆ ಮೂರು ಸಲ ಅವಕಾಶ ಬಂತು. 1991ರಲ್ಲಿ ನಮೂನೆ 50 ಮತ್ತು ಅದರ ನಂತರ ನಮೂನೆ 53, ಇವೆರಡೂ 1990ರ ಏಪ್ರಿಲ್ 14ಕ್ಕೆ ಹಿಂದಿನ ಸಾಗುವಳಿಗೆ. 2018ರಲ್ಲಿ ನಮೂನೆ 57, 2005ರ ಜನವರಿ 1ಕ್ಕೆ ಹಿಂದಿನದಕ್ಕೆ. ಅರ್ಜಿ ಹಾಕಿದ ರಸೀತಿ ಮಂಜೂರಾತಿಯಲ್ಲ. ಮಂಜೂರಾತಿ ಬೇಡಿದವನು ಜಮೀನು ಸರಕಾರದ್ದೆಂದು ಒಪ್ಪಿದಂತೆ. ಮುಂದೆ ಕೋರ್ಟಿನಲ್ಲಿ "ಮೊದಲಿನಿಂದಲೂ ನನ್ನದೇ" ಎಂದರೆ ಆ ವಾದ ನಿಲ್ಲುವುದು ಕಷ್ಟ. ಗಾಯರಾಣವಾದರೆ ಮೊದಲು ಊರಿನ ದನಕರುಗಳ ಲೆಕ್ಕ. 100 ದನಕ್ಕೆ 12 ಹೆಕ್ಟೇರು, ಅಂದರೆ ಸುಮಾರು 30 ಎಕರೆ, ಮೇವಿಗೆ ಉಳಿಯಬೇಕು. ಮೇಯುವ ದನಗಳಿಗೆ ನೋಟೀಸು ಬರುವುದಿಲ್ಲ, ಅವುಗಳ ಪರವಾಗಿ ಅರ್ಜಿ ಹಾಕುವವರೂ ಇಲ್ಲ. ಪಟ್ಟಣಗಳ ಸುತ್ತಿನ ಇಂತಿಷ್ಟು ಕಿಲೋಮೀಟರಿನೊಳಗೆ ಸಕ್ರಮವೇ ಇಲ್ಲ. ನಿಪ್ಪಾಣಿ, ಅಥಣಿಯ ಮಗ್ಗಲಿನವರು ಇದನ್ನು ಮೊದಲೇ ವಿಚಾರಿಸಿಕೊಳ್ಳಬೇಕು.

ನೋಟೀಸು ಬಂದರೆ ಬಂದ ತಾರೀಖನ್ನು ಅದರ ಮೇಲೆಯೇ ಬರೆದಿಡಿ. ಗಡುವಿನೊಳಗೆ ಲಿಖಿತ ಉತ್ತರ ಕೊಟ್ಟು, ಪ್ರತಿಯ ಮೇಲೆ ಸಿಕ್ಕೆ ಹಾಕಿಸಿಕೊಳ್ಳಿರಿ. ಉತಾರದ ನೋಂದು ತಪ್ಪಾಗಿದ್ದರೆ ಚಿಕ್ಕೋಡಿಯ ಉಪವಿಭಾಗಾಧಿಕಾರಿಗಳಿಗೆ 60 ದಿನದೊಳಗೆ ಅಪೀಲು. ಸರಕಾರದ ಮೇಲೆ ದಾವೆ ಹೂಡುವ ಮೊದಲು ಎರಡು ತಿಂಗಳ ನೋಟೀಸು ಕೊಡಬೇಕು. ತುರ್ತು ಇದ್ದರೆ ಕೋರ್ಟಿನ ಅಪ್ಪಣೆ ಪಡೆದು ಕೂಡಲೇ ಹೂಡಬಹುದು.

ತಂಟೆ ಗಡಿಯದೇ ಆಗಿದ್ದರೆ ವಕೀಲರಿಗಿಂತ ಮೊದಲು ಹದ್ದುಬಸ್ತಿಗೆ ಅರ್ಜಿ ಕೊಡಿರಿ. ಅಳತೆಯ ದಿನ ಬಾಂದಾರರನ್ನೂ ಪಂಚಾಯ್ತಿಯವರನ್ನೂ ಎದುರಿಗೆ ನಿಲ್ಲಿಸಿಕೊಳ್ಳಿರಿ. ಹೊಲ ಖಾಲಿ ಇರುವಾಗಲೇ ಇದಾಗಬೇಕು. ಕಬ್ಬು ಎದೆಮಟ್ಟ ಬೆಳೆದ ಮೇಲೆ ಸರ್ವೇಯರಿಗೆ ಸರಪಳಿ ಎಳೆಯಲು ಜಾಗವೇ ಇರುವುದಿಲ್ಲ.