ಕನಸಿನ ರಂಗಮಂದಿರದಲ್ಲಿ ಇಬ್ಬರು ಪ್ರೇಕ್ಷಕರು

ಹಾಸ್ಟೆಲ್ಲಿನ ಒಂದೇ ಕೋಣೆಯಲ್ಲಿರುವ ಇಬ್ಬರು ಗೆಳತಿಯರು ಬೆಳಿಗ್ಗೆ ಎದ್ದು ಒಂದು ವಿಚಿತ್ರ ಸಂಗತಿ ಹೇಳುತ್ತಾರೆ ಎಂದಿಟ್ಟುಕೊಳ್ಳಿ. ರಾತ್ರಿ ಇಬ್ಬರಿಗೂ ಕನಸಿನಲ್ಲಿ ಒಂದು ದೊಡ್ಡ ನಾಟಕಶಾಲೆ ಕಂಡಿತಂತೆ. ಕೆಂಪು ಪರದೆ, ಮೆಟ್ಟಿಲಿನಂತೆ ಏರುವ ಆಸನಗಳು, ವೇದಿಕೆಯ ಮೇಲೆ ಯಾರೋ ಒಬ್ಬ ರಾಜ. ಊರಿನಲ್ಲಿ ಎಲ್ಲಿಯೂ ಇಲ್ಲದ ರಂಗಮಂದಿರವೊಂದು ಇಬ್ಬರ ನಿದ್ರೆಯಲ್ಲೂ ಇರುವುದು ಸಾಧ್ಯವೆ? ನಕ್ಕು ತಳ್ಳಿಹಾಕುವ ಮೊದಲು ಈ ಪ್ರಶ್ನೆಯನ್ನು ಬಿಡಿಸಿ ನೋಡೋಣ.

ಕನಸಿನಲ್ಲಿ ಕಟ್ಟಡ ಏಳುವುದು ಹೇಗೆ? 1953ರಲ್ಲಿ ಅಮೆರಿಕದ ಶಿಕಾಗೊ ವಿಶ್ವವಿದ್ಯಾಲಯದ ಯೂಜೀನ್ ಅಸೆರಿನ್‌ಸ್ಕಿ ಮತ್ತು ನಥಾನಿಯಲ್ ಕ್ಲೈಟ್‌ಮನ್ ನಿದ್ರೆಯ ಒಂದು ಘಟ್ಟವನ್ನು ಗುರುತಿಸಿದರು. ಆಗ ಮುಚ್ಚಿದ ರೆಪ್ಪೆಗಳ ಹಿಂದೆ ಕಣ್ಣುಗುಡ್ಡೆಗಳು ಚುರುಕಾಗಿ ಚಲಿಸುತ್ತವೆ. ಆ ಹೊತ್ತಿನಲ್ಲಿ ಎಬ್ಬಿಸಿದರೆ ಹೆಚ್ಚಿನವರು ಕನಸೊಂದನ್ನು ಹೇಳುತ್ತಾರೆ. ಇದೇ ಆರ್‌ಇಎಂ ನಿದ್ರೆ. ಬೇರೆ ಘಟ್ಟಗಳಲ್ಲೂ ಕನಸು ಬೀಳುವುದುಂಟು, ಆದರೆ ಕಣ್ಣಿಗೆ ಕಟ್ಟುವ ಕನಸುಗಳು ಹೆಚ್ಚಾಗಿ ಇಲ್ಲಿಯವೇ. ಈ ಸಮಯದಲ್ಲಿ ಮಿದುಳಿನಲ್ಲಿ ನೋಟ ಹಾಗೂ ಭಾವನೆಗಳಿಗೆ ಸಂಬಂಧಿಸಿದ ಭಾಗಗಳು ಚಟುವಟಿಕೆಯಿಂದಿರುತ್ತವೆ. ಹಣೆಯ ಹಿಂದಿನ, ಸರಿ ತಪ್ಪು ತೂಗಿನೋಡುವ ಭಾಗ ಮಾತ್ರ ಮಂಕಾಗಿರುತ್ತದೆ.

ದೂರದರ್ಶನದ ಸ್ಟುಡಿಯೊ ನೋಡಿದವರಿಗೆ ಒಂದು ಮಾತು ಗೊತ್ತು. ನಾವು ಅರಮನೆ ಎಂದು ತೋರಿಸುವುದು ಎರಡು ಪ್ಲೈವುಡ್ ಗೋಡೆಗಳನ್ನು. ಕ್ಯಾಮೆರಾ ತಿರುಗದ ಕಡೆ ಗೋಡೆಯೇ ಇರುವುದಿಲ್ಲ. ಕನಸಿನ ರಂಗಮಂದಿರವೂ ಹೀಗೆಯೇ ಎಂದು ನನ್ನ ಭಾವನೆ. ಮೂರನೆಯ ಸಾಲಿನಲ್ಲಿ ಎಷ್ಟು ಕುರ್ಚಿಗಳಿದ್ದವು ಎಂದು ಕೇಳಿ, ಉತ್ತರ ಬರುವುದಿಲ್ಲ. ಅರ್ಧ ಕಟ್ಟಿದ ಎರಡು ಸೆಟ್ಟುಗಳು ಒಂದೇ ರೀತಿ ಕಂಡರೆ ಆಶ್ಚರ್ಯವೇನು? ಗೆಳತಿಯರಿಬ್ಬರೂ ಹಿಂದಿನ ಸಂಜೆ ಒಂದೇ ನಾಟಕ ನೋಡಿದ್ದರೆ ಮಿದುಳಿಗೆ ದೊರೆತ ಸಾಮಗ್ರಿಯೂ ಒಂದೇ. ಜೊತೆಗೆ, ಮೊದಲು ಹೇಳಿದವಳ ವರ್ಣನೆ ಎರಡನೆಯವಳ ನೆನಪಿನೊಳಗೆ ಅವಳಿಗೇ ತಿಳಿಯದಂತೆ ಸೇರಿಕೊಳ್ಳುತ್ತದೆ. ಪರೀಕ್ಷಿಸುವುದು ಸುಲಭ. ಎದ್ದ ಕೂಡಲೇ, ಒಂದು ಮಾತೂ ಆಡದೆ, ಇಬ್ಬರೂ ಬೇರೆ ಬೇರೆ ಹಾಳೆಯಲ್ಲಿ ಕನಸನ್ನು ಬರೆಯಲಿ. ಪರದೆಯ ಬಣ್ಣ, ಬಾಗಿಲು ಇದ್ದ ದಿಕ್ಕು ಎಲ್ಲವೂ ಇರಲಿ. ಒಂದು ದಿನ ಸಾಲದು, ಒಂದು ತಿಂಗಳು ಬರೆಯಲಿ. ಹೊಂದಿದ ದಿನಗಳನ್ನಷ್ಟೇ ಅಲ್ಲ, ಹೊಂದದ ದಿನಗಳನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. (ಪರೀಕ್ಷೆಯ ದಿನಗಳಲ್ಲಿ ಇದಕ್ಕಾಗಿ ಅಲಾರಂ ಇಟ್ಟು ನಿದ್ದೆ ಕೆಡಿಸಿಕೊಳ್ಳುವುದು ಬೇಡ!)

ಹಾಗಾದರೆ ಕನಸಿನ ಬಾಗಿಲು ಪೂರ್ತಿ ಮುಚ್ಚಿದೆಯೆ? ಇಲ್ಲ, ಮತ್ತು ವಿಷಯ ನಿಜವಾಗಿ ಸ್ವಾರಸ್ಯವಾಗುವುದು ಇಲ್ಲಿಯೇ. ಆರ್‌ಇಎಂ ನಿದ್ರೆಯಲ್ಲಿ ದೇಹದ ಸ್ನಾಯುಗಳು ಬಹುಮಟ್ಟಿಗೆ ಸಡಿಲಗೊಂಡಿರುತ್ತವೆ, ಆದರೆ ಕಣ್ಣಿನ ಸ್ನಾಯುಗಳಿಗೆ ಈ ನಿರ್ಬಂಧವಿಲ್ಲ. ತಾನು ಕನಸು ಕಾಣುತ್ತಿದ್ದೇನೆಂದು ಕನಸಿನಲ್ಲೇ ಅರಿಯುವ ಕೆಲವರಿರುತ್ತಾರೆ. ಅಂಥ ಒಬ್ಬರು ಮೊದಲೇ ಗೊತ್ತುಮಾಡಿಕೊಂಡಂತೆ ಕಣ್ಣನ್ನು ಎಡಕ್ಕೆ ಬಲಕ್ಕೆ ತಿರುಗಿಸಿ ಸನ್ನೆ ಮಾಡಿದ್ದನ್ನು ಇಂಗ್ಲೆಂಡಿನ ಹಲ್ ವಿಶ್ವವಿದ್ಯಾಲಯದಲ್ಲಿ ಕೀತ್ ಹರ್ನ್ 1975ರಲ್ಲಿ ದಾಖಲಿಸಿದರು. 2021ರಲ್ಲಿ ಇನ್ನೂ ಒಂದು ಹೆಜ್ಜೆ. ಅಮೆರಿಕ, ಫ್ರಾನ್ಸ್, ಜರ್ಮನಿ, ನೆದರ್ಲೆಂಡ್ಸ್‌ಗಳ ನಾಲ್ಕು ತಂಡಗಳು 36 ಜನರ ಮೇಲೆ ನಡೆಸಿದ ಪ್ರಯೋಗಗಳು ಪ್ರಕಟವಾದವು. ಮಲಗಿದ್ದವನಿಗೆ ಎಂಟರಲ್ಲಿ ಆರು ಕಳೆದರೆ ಎಷ್ಟು ಎಂದು ಕೇಳಲಾಯಿತು. ಆತ ಕಣ್ಣನ್ನು ಎರಡು ಬಾರಿ ಆಡಿಸಿ ಎರಡು ಎಂದು ಉತ್ತರಿಸಿದ! ಅಂಥ 158 ಪ್ರಯತ್ನಗಳಲ್ಲಿ ಸರಿಯುತ್ತರ ಬಂದದ್ದು 29 ಸಲ. ಹೆಚ್ಚಿನ ಸಲ ಉತ್ತರವೇ ಇರಲಿಲ್ಲ. ಪ್ರಶ್ನೆ ಕೆಲವರಿಗೆ ಕನಸಿನ ಕಥೆಯ ಭಾಗವಾಗಿಯೇ ಕೇಳಿಸಿತ್ತು. ಒಬ್ಬರಿಗೆ ಅದು ಕಾರಿನ ರೇಡಿಯೊದಿಂದ ಬಂದಂತಿತ್ತಂತೆ.

ನಮ್ಮ ರಂಗಭೂಮಿಗೆ ಈ ದೃಶ್ಯ ಹೊಸತಲ್ಲ. ಭಾಸನದೆಂದು ಹೇಳಲಾಗುವ, 1912ರಲ್ಲಿ ತಿರುವನಂತಪುರದಿಂದ ಟಿ. ಗಣಪತಿ ಶಾಸ್ತ್ರಿಗಳು ಪ್ರಕಟಿಸಿದ ‘ಸ್ವಪ್ನವಾಸವದತ್ತ’ದ ಐದನೆಯ ಅಂಕದಲ್ಲಿ ಉದಯನ ರಾಜ ನಿದ್ದೆಯಲ್ಲಿ ವಾಸವದತ್ತೆಯೊಡನೆ ಮಾತಾಡುತ್ತಾನೆ. ಸತ್ತಳೆಂದು ಅವನು ನಂಬಿದ್ದ ಆಕೆ ಪಕ್ಕದಲ್ಲಿಯೇ ಇದ್ದಾಳೆ. ಅವನು ಕನಸಿನಿಂದ ಕೇಳುತ್ತಾನೆ, ಅವಳು ಎಚ್ಚರದಿಂದ ಉತ್ತರಿಸುತ್ತಾಳೆ. ಕೊನೆಗೆ ಮಂಚದಿಂದ ಜೋತುಬಿದ್ದ ಅವನ ಕೈಯನ್ನು ಮೇಲಿರಿಸಿ ಹೊರಟುಹೋಗುತ್ತಾಳೆ.

ಇದನ್ನು ನೋಡುವ ನೂರಾರು ಜನ ಇಲ್ಲದ ಅರಮನೆಯನ್ನು ಒಟ್ಟಿಗೆ ಕಾಣುತ್ತಾರಲ್ಲ, ಅದು ಹೇಗೆ? ನಾಟ್ಯಶಾಸ್ತ್ರದಲ್ಲಿ ಕಕ್ಷ್ಯಾವಿಭಾಗ ಎಂಬ ವಿಧಾನವಿದೆ. ನಟ ರಂಗದ ಮೇಲೆ ಒಂದು ಸುತ್ತು ನಡೆದರೆ ಬೇರೆ ಸ್ಥಳಕ್ಕೆ ಹೋದನೆಂದು ಅರ್ಥ. ನಟನಿಗೂ ಪ್ರೇಕ್ಷಕನಿಗೂ ಈ ಒಪ್ಪಂದ ಮೊದಲೇ ಗೊತ್ತು. ಪ್ರಯೋಗಾಲಯದ ಕಣ್ಸನ್ನೆ ಕೆಲಸ ಮಾಡಿದ್ದೂ ಎಚ್ಚರದಲ್ಲಿ ಮಾಡಿಕೊಂಡ ಇಂಥದೇ ಒಪ್ಪಂದದಿಂದ. ಗೆಳತಿಯರ ನಡುವೆ ಇಲ್ಲದ್ದು ಇದೇ: ಒಬ್ಬಳ ಕನಸಿನೊಳಗಿಂದ ಇನ್ನೊಬ್ಬಳಿಗೆ ಸನ್ನೆ ತಲುಪುವ ದಾರಿ.

ಆ ದಾರಿಯ ಹುಡುಕಾಟವೂ ನಡೆದಿದೆ. ಮಲಗಿದ್ದ ಒಬ್ಬರಿಂದ ಇನ್ನೊಬ್ಬರಿಗೆ ಒಂದೇ ಒಂದು ಪದ ದಾಟಿಸಿದೆವೆಂದು ಅಮೆರಿಕದ ಖಾಸಗಿ ಕಂಪನಿಯೊಂದು 2024ರಲ್ಲಿ ಹೇಳಿಕೊಂಡಿತು. ಪತ್ರಿಕಾ ಹೇಳಿಕೆಯೊಂದೇ ಪುರಾವೆಯಲ್ಲ. ಬೇರೆ ಪ್ರಯೋಗಾಲಯಗಳು ಅದನ್ನು ಮಾಡಿ ನೋಡಬೇಕು. ಅದು ನಿಜವಾದರೂ, ಪದವನ್ನು ಆಚೆಯಿಂದ ಈಚೆಗೆ ಒಯ್ದದ್ದು ಹೊರಗಿದ್ದ ಕಂಪ್ಯೂಟರು. ಮಲಗಿದ್ದವರಿಬ್ಬರೂ ತಂತಮ್ಮ ಕನಸಿನಲ್ಲೇ ಇದ್ದರು.