ಎರಡು ದೇಶ, ಒಂದು ಕಣಿವೆ

ಒಂದೇ ಇಳಿಜಾರಿನಲ್ಲಿರುವ ಹೊಲವನ್ನು ಅಣ್ಣತಮ್ಮಂದಿರು ಹಿಸ್ಸೆ ಮಾಡಿಕೊಂಡು ನಡುವೆ ಬದು ಹಾಕಿದರೆಂದು ಭಾವಿಸೋಣ. ಕಾಗದದಲ್ಲಿ ಹೊಲವು ಎರಡಾಯಿತು. ಆದರೆ ಮಳೆ ಸುರಿದ ದಿನ ಮೇಲಿನ ಹೊಲದ ನೀರೂ ಮಣ್ಣೂ ಕಸವೂ ಬದುವನ್ನು ದಾಟಿ ಕೆಳಗಿನ ಹೊಲಕ್ಕೆ ಇಳಿಯುತ್ತವೆ. ಮೇಲಿನವನು ತನ್ನ ಒಡ್ಡನ್ನು ಸರಿಪಡಿಸಿಕೊಂಡರೆ ಇಬ್ಬರಿಗೂ ಲಾಭ. ಆದರೆ ಅದರ ವೆಚ್ಚವನ್ನು ಭರಿಸಬೇಕಾದವರು ಯಾರು? ಈ ಪ್ರಶ್ನೆಯೇ ಎರಡು ಸ್ವತಂತ್ರ ದೇಶಗಳ ದೊಡ್ಡ ನಗರಗಳ ನಡುವೆ ಎದ್ದರೆ ಏನಾಗುವುದೆಂಬುದನ್ನು ಉತ್ತರ ಅಮೆರಿಕದ ಟಿಹುವಾನಾ ನದಿಯ ಕಣಿವೆಯಲ್ಲಿ ನಾವು ಕಾಣಬಹುದು.

ಶಾಂತಸಾಗರದ ತೀರದಲ್ಲಿ ಅಮೆರಿಕ ಸಂಯುಕ್ತ ಸಂಸ್ಥಾನದ ಸಾನ್ ಡಿಯೇಗೊ ನಗರವೂ ಮೆಕ್ಸಿಕೊ ದೇಶದ ಟಿಹುವಾನಾ ನಗರವೂ ಒಂದಕ್ಕೊಂದು ತಾಗಿಕೊಂಡಿವೆ. ಇವುಗಳ ನಡುವಿನ ಗಡಿಯನ್ನು ನಿಶ್ಚಯಿಸಿದ್ದು ಯುದ್ಧವೊಂದರ ಕೊನೆಯಲ್ಲಿ, 1848ರಲ್ಲಿ ಆದ ಒಪ್ಪಂದ. ಹೀಲಾ ಮತ್ತು ಕೊಲರಾಡೊ ನದಿಗಳ ಸಂಗಮವು ಗಡಿಯ ಒಂದು ತುದಿ. ಸಾನ್ ಡಿಯೇಗೊ ಕೊಲ್ಲಿಯ ದಕ್ಷಿಣದ ಅಂಚಿನಿಂದ ಒಂದು ಸಾಗರ ಲೀಗಿನಷ್ಟು ಕೆಳಗೆ, ಕಡಲ ತೀರದಲ್ಲಿ ಇನ್ನೊಂದು ತುದಿ. ಇವೆರಡನ್ನೂ ನೇರವಾದ ಗೆರೆಯಿಂದ ಜೋಡಿಸಲಾಯಿತು. ಕೊಲ್ಲಿಯ ಒಳ್ಳೆಯ ಬಂದರು ಅಮೆರಿಕದ ಪಾಲಿಗೆ ಬಂದಿತು. ಆದರೆ ಆ ಗೆರೆಗೆ ಬೆಟ್ಟಗಳ ಲೆಕ್ಕವಿರಲಿಲ್ಲ, ಹೊಳೆಗಳ ಲೆಕ್ಕವೂ ಇರಲಿಲ್ಲ.

ಒಂದು ನದಿಗೆ ಎಲ್ಲೆಲ್ಲಿಂದ ಮಳೆಯ ನೀರು ಹರಿದು ಬರುವುದೋ ಆ ನೆಲವನ್ನೆಲ್ಲ ಸೇರಿಸಿ ಜಲಾನಯನ ಪ್ರದೇಶವೆಂದು ಕರೆಯುತ್ತೇವೆ. ಟಿಹುವಾನಾ ನದಿಯ ಜಲಾನಯನ ಪ್ರದೇಶವು ಸುಮಾರು 1,750 ಚದರ ಮೈಲಿಗಳಷ್ಟಿದೆ. ಅದರ ಮುಕ್ಕಾಲು ಪಾಲು ಮೆಕ್ಸಿಕೊದಲ್ಲಿಯೂ ಕಾಲು ಪಾಲು ಅಮೆರಿಕದಲ್ಲಿಯೂ ಇವೆ. ನದಿಯ ಒಂದು ಉಪನದಿ ಅಮೆರಿಕದ ಬೆಟ್ಟಗಳಲ್ಲಿ ಹುಟ್ಟಿ ದಕ್ಷಿಣಕ್ಕೆ ಗಡಿಯನ್ನು ದಾಟುತ್ತದೆ; ಟಿಹುವಾನಾ ನಗರವನ್ನು ಹಾದ ಮುಖ್ಯ ನದಿಯು ಮತ್ತೆ ಉತ್ತರಕ್ಕೆ ಗಡಿಯನ್ನು ದಾಟಿ, ಅಮೆರಿಕದ ನೆಲದಲ್ಲಿ ಕೆಲವೇ ಮೈಲಿ ಹರಿದು ಕಡಲನ್ನು ಸೇರುತ್ತದೆ. ಹೀಗಾಗಿ ಊರು ಇರುವುದು ಒಂದು ದೇಶದಲ್ಲಿ, ಅದರ ನದಿಯ ಅಳಿವೆ ಇರುವುದು ಇನ್ನೊಂದು ದೇಶದಲ್ಲಿ.

1950ರಲ್ಲಿ ಟಿಹುವಾನಾದ ಜನಸಂಖ್ಯೆ ಸುಮಾರು 65 ಸಾವಿರ. ಗಡಿಯ ಬದಿಯಲ್ಲಿ ಕಾರ್ಖಾನೆಗಳನ್ನು ಬೆಳೆಸುವ ಕಾರ್ಯಕ್ರಮವನ್ನು ಮೆಕ್ಸಿಕೊ 1965ರಲ್ಲಿ ಕೈಗೊಂಡಿತು. ಅಮೆರಿಕದ ಮಾರುಕಟ್ಟೆಗಾಗಿ ಸರಕನ್ನು ಜೋಡಿಸಿಕೊಡುವ ಕಾರ್ಖಾನೆಗಳು ಬಂದವು. ಕೂಲಿಯನ್ನು ಅರಸಿ ದೂರದ ಪ್ರಾಂತಗಳಿಂದ ಜನರೂ ಬಂದರು. 2020ರ ಜನಗಣತಿಯಲ್ಲಿ ಆ ಸಂಖ್ಯೆ 19 ಲಕ್ಷವನ್ನು ಮೀರಿತ್ತು. ಸಮತಟ್ಟಾದ ನೆಲ ಸಾಲದೆ ಬಡವರು ಕಡಿದಾದ ಕಮರಿಗಳ ಪಕ್ಕಗಳಲ್ಲಿ ಮನೆ ಕಟ್ಟಿಕೊಂಡರು. ಮನೆಗಳು ಎದ್ದಷ್ಟು ಬೇಗನೆ ಒಳಚರಂಡಿಗಳು ಏಳಲಿಲ್ಲ.

ಇದರ ಪರಿಣಾಮವೇನು? ಮಳೆಯಿಲ್ಲದ ದಿನಗಳಲ್ಲಿ ನದಿಗೆ ಸೇರಿದ ಕೊಳೆನೀರನ್ನು ಗಡಿಯ ಬಳಿಯಲ್ಲಿ ತಡೆದು, ಪಂಪುಗಳಿಂದ ಎತ್ತಿ ಬೇರೆಡೆಗೆ ಸಾಗಿಸುವ ವ್ಯವಸ್ಥೆಯಿದೆ. ಮಳೆ ಬಂದು ಪ್ರವಾಹವೇರಿದಾಗ ಕಸಕಡ್ಡಿಗಳಿಂದ ಪಂಪುಗಳು ಕೆಡಬಾರದೆಂದು ಅವುಗಳನ್ನು ನಿಲ್ಲಿಸಬೇಕಾಗುತ್ತದೆ. ಆಗ ಎಲ್ಲವೂ ಕೆಳಕ್ಕೆ ಹರಿಯುತ್ತವೆ. ಪಂಪು ಕೆಟ್ಟರೆ, ಕೊಳವೆ ಒಡೆದರೆ ಒಣದಿನದಲ್ಲಿಯೂ ಅದೇ ಗತಿ. ಅಮೆರಿಕದ ಇಂಪೀರಿಯಲ್ ಬೀಚ್ ಎಂಬ ಸಣ್ಣ ಊರಿನ ಕಡಲ ತೀರದಲ್ಲಿ 2021ರ ಕೊನೆಯಿಂದ ಮೊದಲುಗೊಂಡು ಸಾವಿರಕ್ಕೂ ಹೆಚ್ಚು ದಿನ ಯಾರೂ ನೀರಿಗಿಳಿಯಕೂಡದೆಂಬ ನಿಷೇಧವಿತ್ತು. ಅಲೆಗಳ ತುಂತುರಿನೊಡನೆ ಕೊಳೆನೀರಿನ ಸೂಕ್ಷ್ಮಜೀವಿಗಳು ಗಾಳಿಗೂ ಏರುವುವೆಂದು 2023ರಲ್ಲಿ ವಿಜ್ಞಾನಿಗಳು ತೋರಿಸಿದರು. ಈ ಕೊಳಚೆಯ ನಡುವೆ ಮೊದಲು ಬಾಳಬೇಕಾದವರು ಟಿಹುವಾನಾದ ಜನರೇ ಎಂಬುದನ್ನೂ ನಾವು ಮರೆಯಬಾರದು.

ತಪ್ಪೆಲ್ಲವೂ ಮೇಲಿನವರದೆಂದು ಹೇಳಿಬಿಡುವುದು ಸುಲಭ. ಆದರೆ ಟಯರುಗಳ ಕಥೆಯನ್ನು ಕೇಳಿದರೆ ಆ ಮಾತು ನಿಲ್ಲದು. ಕ್ಯಾಲಿಫೋರ್ನಿಯಾದಲ್ಲಿ ಸವೆದ ಮೋಟಾರು ಟಯರುಗಳು ಟಿಹುವಾನಾದಲ್ಲಿ ಮಾರಾಟವಾಗುತ್ತವೆ. ಅಲ್ಲಿ ಇನ್ನಷ್ಟು ಸವೆದ ಮೇಲೆ ಜನರು ಅವುಗಳಲ್ಲಿ ಮಣ್ಣು ತುಂಬಿ, ಮನೆಯ ಕೆಳಗಿನ ದಿಬ್ಬ ಕುಸಿಯದಂತೆ ಗೋಡೆಯಾಗಿ ಪೇರಿಸುತ್ತಾರೆ. ದೊಡ್ಡ ಮಳೆಗೆ ಗೋಡೆ ಜರಿದರೆ ಟಯರುಗಳು ಮಣ್ಣಿನೊಡನೆ ಕಮರಿಯಲ್ಲಿ ಉರುಳಿ, ತಾವು ಹೊರಟ ದೇಶಕ್ಕೇ ಮರಳಿ ಅಳಿವೆಯ ಜೌಗಿನಲ್ಲಿ ಹೂತುಕೊಳ್ಳುತ್ತವೆ. ಸರಕು ದಕ್ಷಿಣಕ್ಕೆ ಹೋಗುವಾಗ ಅದು ವ್ಯಾಪಾರ. ಉತ್ತರಕ್ಕೆ ಮರಳಿದಾಗ ಅದೇ ಮಾಲಿನ್ಯ!

ಎರಡೂ ದೇಶಗಳು ಕೈಕಟ್ಟಿ ಕುಳಿತಿಲ್ಲ. 1944ರ ನೀರಿನ ಒಪ್ಪಂದದಂತೆ ಇಬ್ಬರಿಗೂ ಸೇರಿದ ಗಡಿ ಮತ್ತು ಜಲ ಆಯೋಗವೊಂದಿದೆ. 1983ರ ಲಾ ಪಾಸ್ ಒಪ್ಪಂದವು ಗಡಿಯ ಎರಡೂ ಕಡೆಗೆ 100 ಕಿಲೋಮೀಟರ್ ಅಗಲದ ನೆಲವನ್ನು ಪರಿಸರದ ವಿಷಯದಲ್ಲಿ ಸಹಕರಿಸಬೇಕಾದ ವಲಯವೆಂದು ಗುರುತಿಸಿತು. 1990ರ ಇನ್ನೊಂದು ಒಪ್ಪಂದದ ಫಲವಾಗಿ, ಟಿಹುವಾನಾದ ಕೊಳೆನೀರನ್ನು ಶುದ್ಧೀಕರಿಸುವ ಸ್ಥಾವರವು ಅಮೆರಿಕದ ನೆಲದಲ್ಲಿಯೇ ಎದ್ದಿತು. 1997ರಲ್ಲಿ ಕೆಲಸಕ್ಕೆ ತೊಡಗಿದ ಅದರ ಶಕ್ತಿ ದಿನಕ್ಕೆ 250 ಲಕ್ಷ ಗ್ಯಾಲನ್. 2025ರಲ್ಲಿ ಅದನ್ನು 350 ಲಕ್ಷಕ್ಕೆ ಏರಿಸಲಾಯಿತು. ಒಂದು ದೇಶದ ಬಚ್ಚಲ ನೀರನ್ನು ಇನ್ನೊಂದು ದೇಶವು ತೊಳೆದುಕೊಡುವುದು ವಿಚಿತ್ರವಾಗಿ ತೋರಬಹುದು. ಆದರೆ ಕೆಳಗೆ ಇರುವವನಿಗೆ ಅದು ದಾನವಲ್ಲ, ಆತ್ಮರಕ್ಷಣೆ.

ಆದರೂ ಕೊಳೆಯು ಗಡಿಗೆ ಬಂದ ಮೇಲೆ ಹಿಡಿಯುವುದಕ್ಕಿಂತ ಹುಟ್ಟುವಲ್ಲಿಯೇ ತಡೆಯುವುದು ಲೇಸು. ಕಮರಿಯ ದಾರಿಗಳಿಗೆ ಕಲ್ಲು ಹಾಸುವುದು, ಮನೆಮನೆಗೂ ಚರಂಡಿಯನ್ನು ಮುಟ್ಟಿಸುವುದು, ಬೋಳು ಇಳಿಜಾರಿನಲ್ಲಿ ಗಿಡಗಳನ್ನು ಬೆಳೆಸುವುದು ಇದರ ಉಪಾಯಗಳು. ಇಲ್ಲಿಯೇ ಯೋಜಕನ ಕಷ್ಟವಿದೆ. ಅಳಿವೆಯಲ್ಲಿ ತುಂಬಿದ ಹೂಳನ್ನು ತೆಗೆಯಲು ಕೆಳಗಿನ ನಗರವು ವರ್ಷವರ್ಷವೂ ಹಣವನ್ನು ಸುರಿಯಬಲ್ಲದು. ಅದೇ ಹಣದಿಂದ ಮೇಲಿನ ಕಮರಿಗೆ ದಾರಿ ಮಾಡಿಸುವುದಕ್ಕೆ ಎರಡು ಸರ್ಕಾರಗಳ ಒಪ್ಪಿಗೆ ಬೇಕು. ಮೇಲಿನ ನಗರದ ಅಧಿಕಾರಿಗಳನ್ನು ಆರಿಸುವ ಮತ ಕೆಳಗಿನವರಿಗಿಲ್ಲ. ಕೆಳಗಿನವರ ತೆರಿಗೆಯನ್ನು ಕೇಳುವ ಹಕ್ಕು ಮೇಲಿನವರಿಗಿಲ್ಲ.

1974ರಲ್ಲಿ ಕೆವಿನ್ ಲಿಂಚ್ ಮತ್ತು ಡೊನಾಲ್ಡ್ ಆ್ಯಪಲ್ಯಾರ್ಡ್ ಎಂಬ ಇಬ್ಬರು ನಗರ ಯೋಜನಾ ತಜ್ಞರು ಸಾನ್ ಡಿಯೇಗೊ ನಗರಕ್ಕೆ ಒಂದು ವರದಿಯನ್ನು ಬರೆದುಕೊಟ್ಟರು. ಎರಡು ನಗರಗಳನ್ನೂ ಒಂದೇ ಪ್ರದೇಶವೆಂದು ಎಣಿಸಬೇಕೆಂಬುದು ಅದರ ಸಲಹೆಗಳಲ್ಲಿ ಮುಖ್ಯವಾದದ್ದು. ಅಂದಿನಿಂದ ಅರ್ಧ ಶತಮಾನ ಕಳೆದಿದೆ. ಗಡಿಯಲ್ಲಿ ಬೇಲಿ ಎತ್ತರವಾಗಿದೆ, ಸ್ಥಾವರವೂ ದೊಡ್ಡದಾಗಿದೆ. ಇಡೀ ಕಣಿವೆಗೆ ಒಂದೇ ಯೋಜನೆ ಎಂಬ ಮಾತು ಮಾತ್ರ ಇನ್ನೂ ಪೂರ್ತಿಯಾಗಿ ಕೈಗೂಡಿಲ್ಲ.

ದೇಶದ ಗಡಿಯನ್ನು ಮನುಷ್ಯನು ಎಳೆಯಬಹುದು. ನೀರಿನ ಗಡಿಯನ್ನು ಎಳೆಯುವುದು ಬೆಟ್ಟದ ನೆತ್ತಿ. ನಗರವನ್ನು ಯೋಜಿಸುವವರು ಮೊದಲನೆಯದನ್ನು ಗೌರವಿಸಬೇಕು ನಿಜ. ಆದರೆ ಎರಡನೆಯದನ್ನು ಮರೆತು ಬರೆದ ನಕ್ಷೆಯನ್ನು ಮೊದಲ ದೊಡ್ಡ ಮಳೆಯೇ ತಿದ್ದುತ್ತದೆ.